ಕಕ್ಷಿದಾರನ ಮರಣ ಮತ್ತು ಸಿವಿಲ್ ಮೇಲ್ಮನವಿ

ಮೊಕದ್ದಮೆ ನಡೆಸುತ್ತಿದ್ದವರು ತೀರಿಕೊಂಡರೆ ಮೊಕದ್ದಮೆಯೂ ಮುಗಿಯಿತೆಂಬ ಭಾವನೆ ಅನೇಕರಲ್ಲಿದೆ. ಇದು ಸರಿಯಲ್ಲ. ದಾವೆಯ ಹಕ್ಕು ಉಳಿದಿದ್ದರೆ ಕಕ್ಷಿದಾರನ ಮರಣಮಾತ್ರದಿಂದ ದಾವೆಯು ಕೊನೆಗೊಳ್ಳುವುದಿಲ್ಲವೆಂದು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 22ನೆಯ ಆದೇಶವು ಹೇಳುತ್ತದೆ. ಅದರ 11ನೆಯ ನಿಯಮದ ಮೇರೆಗೆ ಈ ಉಪಬಂಧಗಳು ಮೇಲ್ಮನವಿಗಳಿಗೂ ಅನ್ವಯಿಸುತ್ತವೆ. ಆದರೆ ಮೃತನ ಕಾನೂನುಬದ್ಧ ಪ್ರತಿನಿಧಿಗಳ ಹೆಸರನ್ನು ಕಾಲಮಿತಿಯೊಳಗೆ ದಾಖಲೆಗೆ ಸೇರಿಸಬೇಕು.

ಮುಂಬಯಿಯ ಒಂದು ನಿದರ್ಶನ

ಮುಂಬಯಿಯಲ್ಲಿ ಬಾಡಿಗೆ ಮನೆಯ ವ್ಯಾಜ್ಯಗಳು ಲಘುವ್ಯಾಜ್ಯ ನ್ಯಾಯಾಲಯಕ್ಕೆ ಬರುತ್ತವೆ. ಅದರ ಡಿಕ್ರಿಯ ಮೇಲೆ ಅದೇ ನ್ಯಾಯಾಲಯದ ಇಬ್ಬರು ನ್ಯಾಯಾಧೀಶರ ಪೀಠಕ್ಕೆ ಮೇಲ್ಮನವಿ ಸಲ್ಲುತ್ತದೆ. ಮಾಟುಂಗದ ಬಾಡಿಗೆದಾರನೊಬ್ಬನು ಮನೆ ತೆರವಿನ ಡಿಕ್ರಿಯ ವಿರುದ್ಧ ಮೇಲ್ಮನವಿ ಸಲ್ಲಿಸಿ, ಅದು ವಿಚಾರಣೆಗೆ ಬರುವ ಮುನ್ನವೇ ಮರಣಹೊಂದಿದನೆಂದು ಭಾವಿಸೋಣ. 1999ರ ಮಹಾರಾಷ್ಟ್ರ ಬಾಡಿಗೆ ನಿಯಂತ್ರಣ ಅಧಿನಿಯಮವು, ವಾಸದ ಮನೆಯ ಸಂದರ್ಭದಲ್ಲಿ, ಮರಣಕಾಲಕ್ಕೆ ಬಾಡಿಗೆದಾರನೊಡನೆ ವಾಸವಾಗಿದ್ದ ಕುಟುಂಬದ ಸದಸ್ಯನಿಗೂ ರಕ್ಷಣೆ ನೀಡುತ್ತದೆ. ಆದುದರಿಂದ ಮೇಲ್ಮನವಿಯನ್ನು ಆತನ ಮಕ್ಕಳು ಅಥವಾ ಪತ್ನಿ ಮುಂದುವರಿಸಬಹುದು.

ಕಾಲಮಿತಿ

ಇದಕ್ಕಾಗಿ ಮರಣದ ದಿನದಿಂದ 90 ದಿನಗಳೊಳಗೆ ಅರ್ಜಿ ಸಲ್ಲಿಸಬೇಕೆಂದು 1963ರ ಕಾಲಮಿತಿ ಅಧಿನಿಯಮವು ವಿಧಿಸಿದೆ. ಉತ್ತರಕ್ರಿಯೆಗೆಂದು ಊರಿಗೆ ತೆರಳಿದ ಕುಟುಂಬಕ್ಕೆ ಈ ದಿನಗಳು ಸರಿದುದೇ ತಿಳಿಯದಿರಬಹುದು. ಅವಧಿ ಮೀರಿದರೆ ಮೇಲ್ಮನವಿಯು ಉಪಶಮನ ಹೊಂದುತ್ತದೆ, ಅಂದರೆ ತಾನಾಗಿಯೇ ಕೊನೆಗೊಳ್ಳುತ್ತದೆ. ತೆರವಿನ ಡಿಕ್ರಿಯು ಹಾಗೆಯೇ ಉಳಿಯುತ್ತದೆ. ಉಪಶಮನವನ್ನು ರದ್ದುಪಡಿಸುವಂತೆ ಮುಂದಿನ 60 ದಿನಗಳೊಳಗೆ ಕೋರಬಹುದು. ಅದೂ ಮೀರಿದಲ್ಲಿ ವಿಳಂಬಕ್ಕೆ ಸಾಕಷ್ಟು ಕಾರಣವಿತ್ತೆಂದು ನ್ಯಾಯಾಲಯಕ್ಕೆ ಮನಗಾಣಿಸಬೇಕಾಗುತ್ತದೆ. ವಿಚಾರಣೆ ಮುಗಿದು ತೀರ್ಪು ಮಾತ್ರ ಬಾಕಿ ಇರುವಾಗ ಮರಣ ಸಂಭವಿಸಿದರೆ ಉಪಶಮನವಿಲ್ಲ.

ಎದುರು ಪಕ್ಷದವರು ಮೃತರಾದರೆ

ಆಗಲೂ ಹೊಣೆ ಮೇಲ್ಮನವಿ ಸಲ್ಲಿಸಿದವರದೇ. ಮನೆಯ ಒಡೆಯನು ತೀರಿಕೊಂಡರೆ ಆತನ ವಾರಸುದಾರರ ಹೆಸರು ಸೇರಿಸುವಂತೆ ಬಾಡಿಗೆದಾರನೇ ಅರ್ಜಿ ಸಲ್ಲಿಸಬೇಕು. ಒಬ್ಬರಿಗಿಂತ ಹೆಚ್ಚು ಒಡೆಯರಿದ್ದಾಗ ವಿಶೇಷ ಎಚ್ಚರ ಅಗತ್ಯ. ಪಂಜಾಬ್ ರಾಜ್ಯ ವಿರುದ್ಧ ನಾಥು ರಾಮ್ ಪ್ರಕರಣದಲ್ಲಿ ಇಬ್ಬರು ಸಹೋದರರಿಗೆ ಭೂಪರಿಹಾರ ಜಂಟಿಯಾಗಿ ದೊರೆತಿತ್ತು. ಮೃತ ಸಹೋದರನ ಪ್ರತಿನಿಧಿಗಳನ್ನು ಸೇರಿಸದುದರಿಂದ ಬದುಕಿದ್ದ ಸಹೋದರನ ವಿರುದ್ಧವೂ ಸರ್ಕಾರದ ಮೇಲ್ಮನವಿ ನಿಲ್ಲದೆಂದು ಸರ್ವೋಚ್ಚ ನ್ಯಾಯಾಲಯವು ತೀರ್ಮಾನಿಸಿತು.

ತನ್ನ ಕಕ್ಷಿದಾರನ ಮರಣವು ತಿಳಿದೊಡನೆ ವಕೀಲನು ಅದನ್ನು ನ್ಯಾಯಾಲಯಕ್ಕೆ ತಿಳಿಸಬೇಕು. ನ್ಯಾಯಾಲಯವು ಎದುರು ಪಕ್ಷಕ್ಕೆ ಸೂಚನೆ ಕೊಡುತ್ತದೆ.

ಕುಟುಂಬದವರು ಮಾಡಬೇಕಾದುದು

ಮೊದಲು ವಕೀಲರಿಗೆ ಸುದ್ದಿ ಮುಟ್ಟಿಸಬೇಕು. ಮರಣ ಪ್ರಮಾಣಪತ್ರವನ್ನೂ, ಹೆಣ್ಣುಮಕ್ಕಳೂ ಸೇರಿದಂತೆ ಎಲ್ಲ ವಾರಸುದಾರರ ಹೆಸರು, ವಯಸ್ಸು, ವಿಳಾಸಗಳನ್ನೂ ಒದಗಿಸಬೇಕು. ಆಯಾ ಉಚ್ಚ ನ್ಯಾಯಾಲಯವು ಈ ನಿಯಮಗಳಿಗೆ ತಿದ್ದುಪಡಿ ಮಾಡಿದೆಯೇ ಎಂಬುದನ್ನು ವಕೀಲರಿಂದ ಕೇಳಿ ತಿಳಿಯಬೇಕು. ವಕೀಲರ ಶುಲ್ಕ ಭರಿಸಲಾರದ ವಿಧವೆಯು ಕಾನೂನು ಸೇವಾ ಪ್ರಾಧಿಕಾರದ ಮೊರೆಹೋಗಬಹುದು. 1987ರ ಅಧಿನಿಯಮದ ಮೇರೆಗೆ, ವರಮಾನ ಎಷ್ಟೇ ಇರಲಿ, ಮಹಿಳೆಯರು ಉಚಿತ ಕಾನೂನು ನೆರವಿಗೆ ಅರ್ಹರು.