ಪರೀಕ್ಷೆಯಿಲ್ಲದ ಪದವಿ: ಅಮೆರಿಕದ ಜಿಲ್ಲಾ ನ್ಯಾಯಾಧೀಶರು

ಕಳೆದ ವರ್ಷ ರಾಜ್ಯಶಾಸ್ತ್ರದ ತರಗತಿಯಲ್ಲಿ ಅಮೆರಿಕದ ಸಂಯುಕ್ತ ಸಂಸ್ಥಾನಗಳ ಸಂವಿಧಾನವನ್ನು ಓದುತ್ತಿದ್ದೆವು. ನ್ಯಾಯಾಂಗದ ಪಾಠ ಬಂದ ದಿನ ಹಿಂದಿನ ಬೆಂಚಿನ ಮಿತ್ರರೊಬ್ಬರು ಎದ್ದುನಿಂತು, “ಅಲ್ಲಿ ಜಡ್ಜಿಯಾಗಲು ಯಾವ ಪರೀಕ್ಷೆ ಕಟ್ಟಬೇಕು ಸಾರ್?” ಎಂದು ಕೇಳಿದರು. “ಯಾವುದೂ ಇಲ್ಲ” ಎಂದರು ಅಧ್ಯಾಪಕರು. ತರಗತಿಯೆಲ್ಲ ನಕ್ಕಿತು, ನಾನೂ ನಕ್ಕೆ. ಆದರೆ ಆ ಉತ್ತರ ಮನಸ್ಸನ್ನು ಬಿಡಲಿಲ್ಲ. ಗ್ರಂಥಾಲಯದಲ್ಲಿ ಕೆಲವು ಸಂಜೆಗಳನ್ನು ಕಳೆದು ತಿಳಿದುಕೊಂಡುದನ್ನು ವಾಚಕರ ಮುಂದಿಡುತ್ತಿದ್ದೇನೆ.

ನಮ್ಮಲ್ಲಿ ಕಾನೂನು ಪದವೀಧರನು ಪರೀಕ್ಷೆ ಬರೆದು ಸಿವಿಲ್ ನ್ಯಾಯಾಧೀಶನಾಗಿ, ಮೆಟ್ಟಿಲು ಮೆಟ್ಟಿಲಾಗಿ ಮೇಲೇರಿ ಜಿಲ್ಲಾ ನ್ಯಾಯಾಧೀಶನಾಗುವುದನ್ನು ಕಂಡಿದ್ದೇವೆ. ಏಳು ವರ್ಷ ವಕೀಲಿ ಮಾಡಿದವರಿಗೆ ನೇರವಾದ ಬಾಗಿಲೂ ಉಂಟು. ಅಮೆರಿಕದ ಫೆಡರಲ್ ನ್ಯಾಯಾಲಯಗಳಲ್ಲಿ ಇಂಥ ಏಣಿಯೇ ಇಲ್ಲ. ಆ ದೇಶವನ್ನು 94 ನ್ಯಾಯಿಕ ಜಿಲ್ಲೆಗಳಾಗಿ ವಿಂಗಡಿಸಿದ್ದಾರೆ. ಸಾಕ್ಷಿಗಳನ್ನು ಕರೆಸುವುದು, ಪಂಚರಿಗೆ ಕಾನೂನನ್ನು ತಿಳಿಸಿ ಹೇಳುವುದು, ಶಿಕ್ಷೆ ವಿಧಿಸುವುದು ಎಲ್ಲವೂ ಈ ಜಿಲ್ಲಾ ನ್ಯಾಯಾಲಯಗಳಲ್ಲಿ. ಅಲ್ಲಿಯ ನ್ಯಾಯಾಧೀಶರನ್ನು ರಾಷ್ಟ್ರಾಧ್ಯಕ್ಷರು ಹೆಸರಿಸುತ್ತಾರೆ. ಸೆನೆಟ್ ಸಭೆ ಒಪ್ಪಬೇಕು. ಇಷ್ಟೇ. ವಯಸ್ಸು ಇಷ್ಟಿರಬೇಕೆಂದಾಗಲಿ, ಕಾನೂನು ಪದವಿ ಇರಲೇಬೇಕೆಂದಾಗಲಿ ಆ ಸಂವಿಧಾನದಲ್ಲಿ ಒಂದು ಮಾತೂ ಇಲ್ಲ. ಒಮ್ಮೆ ಪೀಠವೇರಿದವರನ್ನು ಇಳಿಸುವುದು ಮಾತ್ರ ಸುಲಭವಲ್ಲ. ಸದ್ವರ್ತನೆ ಇರುವವರೆಗೂ ಅಧಿಕಾರ, ಅಂದರೆ ಸಾಮಾನ್ಯವಾಗಿ ಆಜೀವ. ಸಂಬಳವನ್ನೂ ಕಡಿಮೆ ಮಾಡುವಂತಿಲ್ಲ. ಮಹಾಭಿಯೋಗದ ಮೂಲಕ ಸೆನೆಟ್ ಇದುವರೆಗೆ ತೆಗೆದುಹಾಕಿರುವ ಫೆಡರಲ್ ನ್ಯಾಯಾಧೀಶರು ಎಂಟೇ ಮಂದಿ.

ಏಣಿಯಿಲ್ಲದ ಮೇಲೆ ಹತ್ತುವುದು ಹೇಗೆ? ನಿಯಮಗಳಲ್ಲಿ ಇದಕ್ಕೆ ಉತ್ತರ ಸಿಗದ್ದರಿಂದ ಒಬ್ಬರ ಬಾಳನ್ನೇ ಹಿಡಿದು ನೋಡಿದೆ. ಅವರು ಕಾನ್‌ಸ್ಟೆನ್ಸ್ ಬೇಕರ್ ಮಾಟ್ಲಿ.

ಆಕೆ ಹುಟ್ಟಿದ್ದು 1921ರಲ್ಲಿ, ಕನೆಕ್ಟಿಕಟ್ ಸಂಸ್ಥಾನದ ನ್ಯೂ ಹೇವನ್ ಊರಿನಲ್ಲಿ. ತಂದೆತಾಯಿ ವೆಸ್ಟ್ ಇಂಡೀಸಿನ ನೀವಿಸ್ ದ್ವೀಪದಿಂದ ಬಂದ ಕಪ್ಪು ಜನ. ಹನ್ನೆರಡು ಮಕ್ಕಳಲ್ಲಿ ಈಕೆ ಒಂಬತ್ತನೆಯವರು. ತಂದೆ ಯೇಲ್ ವಿಶ್ವವಿದ್ಯಾನಿಲಯದ ವಿದ್ಯಾರ್ಥಿ ಸಂಘಗಳಲ್ಲಿ ಅಡಿಗೆಯವರು. ಪ್ರೌಢಶಾಲೆ ಮುಗಿದ ಮೇಲೆ ಓದಿಸಲು ಹಣವಿಲ್ಲ. ಊರಿನ ಸಮುದಾಯ ಭವನದ ಸಭೆಯೊಂದರಲ್ಲಿ, ಕಪ್ಪು ಜನರಿಗಾಗಿ ಕಟ್ಟಿದ ಭವನದ ಆಡಳಿತವೆಲ್ಲ ಬಿಳಿಯರ ಕೈಯಲ್ಲಿದ್ದರೆ ಜನ ಏಕೆ ಬಂದಾರು ಎಂದು ಈ ಹುಡುಗಿ ನೇರವಾಗಿ ಹೇಳಿದರು. ಭವನಕ್ಕೆ ಹಣ ಕೊಟ್ಟಿದ್ದ ಕ್ಲಾರೆನ್ಸ್ ಬ್ಲೇಕ್ಸ್‌ಲೀ ಎಂಬ ಬಿಳಿಯ ವ್ಯಾಪಾರಿ ಆ ಸಭೆಯಲ್ಲೇ ಇದ್ದರು. ಸಿಟ್ಟಾಗುವುದಕ್ಕೆ ಬದಲು, ಓದಿನ ಖರ್ಚೆಲ್ಲ ತಮ್ಮದೆಂದರು. ಈ ಪ್ರಸಂಗ ಓದಿದಾಗ, ದೊಡ್ಡವರೆದುರು ಬಾಯಿ ಮುಚ್ಚಿಕೊಂಡಿರು ಎಂದು ಮನೆಯಲ್ಲಿ ನಮಗೆ ಹೇಳುವ ಬುದ್ಧಿವಾದ ನೆನಪಾಗಿ ನಗು ಬಂತು.

1946ರಲ್ಲಿ ಕೊಲಂಬಿಯಾ ಕಾನೂನು ಶಾಲೆಯ ಪದವಿ ಬರುವ ಮುನ್ನವೇ ಆಕೆ ಥರ್ಗುಡ್ ಮಾರ್ಷಲ್ ಅವರ ಕೈಕೆಳಗೆ, ಕಪ್ಪು ಜನರ ಹಕ್ಕುಗಳಿಗಾಗಿ ದಾವೆ ಹೂಡುತ್ತಿದ್ದ ಸಂಸ್ಥೆಯಲ್ಲಿ ಸೇರಿದ್ದರು. ಮುಂದೆ ಇಪ್ಪತ್ತು ವರ್ಷ ಅದೇ ಕೆಲಸ. ಶಾಲೆಗಳಲ್ಲಿ ವರ್ಣಭೇದ ಕೂಡದೆಂದು 1954ರಲ್ಲಿ ತೀರ್ಪಾದ ಪ್ರಸಿದ್ಧ ಬ್ರೌನ್ ಮೊಕದ್ದಮೆಯ ಮೂಲ ದಾವಾಪತ್ರವನ್ನು ಬರೆದವರು ಆಕೆಯೇ. ಸುಪ್ರೀಂ ಕೋರ್ಟಿನಲ್ಲಿ ವಾದಿಸಿದ ಹತ್ತು ಮೊಕದ್ದಮೆಗಳಲ್ಲಿ ಒಂಬತ್ತನ್ನು ಗೆದ್ದರು.

ನನ್ನ ವಿಷಯಕ್ಕೆ ಮುಖ್ಯವಾದುದು ಸುಪ್ರೀಂ ಕೋರ್ಟಿನ ಗೆಲುವುಗಳಲ್ಲ. ಕೆಳಗಿನ ಜಿಲ್ಲಾ ನ್ಯಾಯಾಲಯಗಳಲ್ಲಿ ಆಕೆ ಪಟ್ಟ ಪಾಡು. ಮಿಸಿಸಿಪಿ ವಿಶ್ವವಿದ್ಯಾನಿಲಯಕ್ಕೆ ಜೇಮ್ಸ್ ಮೆರಿಡಿತ್ ಎಂಬ ಕಪ್ಪು ಯುವಕನನ್ನು ಸೇರಿಸಿಕೊಳ್ಳಬೇಕೆಂದು 1961ರ ಮೇ ತಿಂಗಳಲ್ಲಿ ದಾವೆ ಹೂಡಿದರು. ಕಪ್ಪು ವಿದ್ಯಾರ್ಥಿ ಒಬ್ಬನೂ ಇಲ್ಲದ ಆ ವಿಶ್ವವಿದ್ಯಾನಿಲಯದಲ್ಲಿ, ವರ್ಣದ ಕಾರಣದಿಂದ ಈತನನ್ನು ನಿರಾಕರಿಸಿಲ್ಲ ಎಂದು ಜಿಲ್ಲಾ ನ್ಯಾಯಾಧೀಶ ಸಿಡ್ನಿ ಮೈಜ್ ತೀರ್ಪಿತ್ತರು! ಅಪೀಲು ನ್ಯಾಯಾಲಯ ಅದನ್ನು ತಳ್ಳಿಹಾಕಿದ ಮೇಲೂ ಅಡ್ಡಿಗಳು ತಪ್ಪಲಿಲ್ಲ. ಆತ ಪ್ರವೇಶ ಪಡೆದದ್ದು 1962ರ ಅಕ್ಟೋಬರ್ 1ರಂದು. 1963ರಲ್ಲಿ ಬರ್ಮಿಂಗ್‌ಹ್ಯಾಮ್ ನಗರದಲ್ಲಿ, ಮೆರವಣಿಗೆಗೆ ಹೋದ ತಪ್ಪಿಗೆ ಸಾವಿರಕ್ಕೂ ಹೆಚ್ಚು ಶಾಲಾಮಕ್ಕಳನ್ನು ಹೊರಹಾಕಿದಾಗಲೂ ಜಿಲ್ಲಾ ನ್ಯಾಯಾಧೀಶರು ಕೈಹಿಡಿಯಲಿಲ್ಲ. ಅದೇ ದಿನ ಸಂಜೆ ಅಪೀಲು ನ್ಯಾಯಾಲಯದ ಮುಖ್ಯ ನ್ಯಾಯಾಧೀಶ ಎಲ್ಬರ್ಟ್ ಟಟಲ್ ಅವರಿಂದ ಆಜ್ಞೆ ಪಡೆದು ಮಕ್ಕಳನ್ನು ಶಾಲೆಗೆ ಮರಳಿಸಿದರು. ವಿಚಾರಣಾ ನ್ಯಾಯಾಧೀಶನೊಬ್ಬನು ಸುಮ್ಮನೆ ಕಾಲ ತಳ್ಳಿಯೇ ಒಬ್ಬ ವಿದ್ಯಾರ್ಥಿಯ ವರ್ಷಗಳನ್ನು ಕಸಿದುಕೊಳ್ಳಬಲ್ಲನೆಂಬುದನ್ನು ಆಕೆಗೆ ಯಾರೂ ಪುಸ್ತಕದಿಂದ ಕಲಿಸಬೇಕಾಗಿರಲಿಲ್ಲ.

1964ರಲ್ಲಿ ನ್ಯೂಯಾರ್ಕ್ ಸಂಸ್ಥಾನದ ಸೆನೆಟ್ಟಿಗೆ ಆಯ್ಕೆಯಾದರು. ಮರುವರ್ಷ ಮ್ಯಾನ್‌ಹಾಟನ್ ವಿಭಾಗದ ಅಧ್ಯಕ್ಷರಾದರು. ಅಲ್ಲಿಗೆ ವಕೀಲಿಯ ಜೊತೆಗೆ ರಾಜಕೀಯದ ಪರಿಚಯವೂ ಆಯಿತು. ಆ ದೇಶದಲ್ಲಿ ಪೀಠಕ್ಕೆ ಹೋಗುವ ದಾರಿ ಬಹುಮಟ್ಟಿಗೆ ಈ ಎರಡು ಓಣಿಗಳಿಂದಲೇ. 1966ರ ಜನವರಿಯಲ್ಲಿ ಅಧ್ಯಕ್ಷ ಜಾನ್ಸನ್ ಅವರು ಆಕೆಯನ್ನು ನ್ಯೂಯಾರ್ಕಿನ ದಕ್ಷಿಣ ಜಿಲ್ಲೆಯ ನ್ಯಾಯಾಧೀಶ ಸ್ಥಾನಕ್ಕೆ ಹೆಸರಿಸಿದರು.

ಇಲ್ಲಿ ಒಂದು ತೊಡಕು. ಹೆಸರು ಮೊದಲು ಸೆನೆಟ್ಟಿನ ನ್ಯಾಯಾಂಗ ಸಮಿತಿಯ ಮುಂದೆ ಹೋಗಬೇಕು. ಆ ಸಮಿತಿಯ ಅಧ್ಯಕ್ಷರು ಮಿಸಿಸಿಪಿಯ ಸೆನೆಟರ್ ಜೇಮ್ಸ್ ಈಸ್ಟ್‌ಲೆಂಡ್; ಮೆರಿಡಿತ್ ಮೊಕದ್ದಮೆಯಲ್ಲಿ ಆಕೆ ಸೋಲಿಸಿದ್ದು ಅವರ ಸಂಸ್ಥಾನವನ್ನೇ. ಆಕೆಗೆ ಕಮ್ಯುನಿಸ್ಟರ ನಂಟಿದೆಯೆಂದು ಆರೋಪ ಬಂತು. ಸೆನೆಟ್ಟಿನ ಒಪ್ಪಿಗೆ ಸಿಕ್ಕಾಗ ಆಗಸ್ಟ್ 30. ಏಳು ತಿಂಗಳು. ಇದೇ ಸಮಿತಿ, ಇದೇ ಅಧ್ಯಕ್ಷರು, 1961ರ ಜೂನ್ ತಿಂಗಳಲ್ಲಿ ಏನು ಮಾಡಿದ್ದರು? ಈಸ್ಟ್‌ಲೆಂಡರ ಹಳೆಯ ಗೆಳೆಯ ಹೆರಾಲ್ಡ್ ಕಾಕ್ಸ್ ಎಂಬವರನ್ನು ಅಧ್ಯಕ್ಷ ಕೆನೆಡಿ ಮಿಸಿಸಿಪಿಯ ದಕ್ಷಿಣ ಜಿಲ್ಲೆಗೆ ಹೆಸರಿಸಿದಾಗ ಒಂದೇ ವಾರದಲ್ಲಿ ಸೆನೆಟ್ಟಿನ ಒಪ್ಪಿಗೆ ದೊರೆಯಿತು. ವಕೀಲರ ಸಂಘವೂ ಅವರಿಗೆ ಅತ್ಯುಚ್ಚ ಯೋಗ್ಯತಾಪತ್ರ ಕೊಟ್ಟಿತ್ತು. ಮತದಾರರ ಪಟ್ಟಿಗೆ ಸೇರಬಯಸಿದ ಕಪ್ಪು ಜನರನ್ನು ಇದೇ ಕಾಕ್ಸ್ 1964ರಲ್ಲಿ ನ್ಯಾಯಪೀಠದಿಂದಲೇ ಚಿಂಪಾಂಜಿಗಳಿಗೆ ಹೋಲಿಸಿದರು. ಆಜೀವ ಅಧಿಕಾರದ ರಕ್ಷಣೆ ಅವರಿಗೂ ಇತ್ತು.

ಈ ಎರಡು ತಾರೀಖುಗಳನ್ನು ಪಕ್ಕಪಕ್ಕದಲ್ಲಿ ಬರೆದುಕೊಂಡಾಗ ನನಗೆ ನಮ್ಮ ಪರೀಕ್ಷೆಯ ಪದ್ಧತಿಯೇ ಮೇಲೆನಿಸಿತು. ಈಗಲೂ ಬಹುಮಟ್ಟಿಗೆ ಹಾಗೆಯೇ ಅನಿಸುತ್ತದೆ. ಆದರೆ ಪ್ರಶ್ನೆ ಅಷ್ಟಕ್ಕೇ ಮುಗಿಯುವುದಿಲ್ಲ. 1967ರಲ್ಲಿ, ಮೂವರು ಹಕ್ಕುಹೋರಾಟಗಾರರನ್ನು ಕೊಂದ ಸಂಚಿನ ಮೊಕದ್ದಮೆ ಇದೇ ಕಾಕ್ಸರ ಮುಂದೆ ನಡೆದು, ಬಿಳಿಯ ಪಂಚರೇ ಏಳು ಮಂದಿಯನ್ನು ಅಪರಾಧಿಗಳೆಂದರು. ಪೀಠದಲ್ಲಿ ಕುಳಿತವರು ಏನಾಗುವರೆಂಬುದನ್ನು ಪರೀಕ್ಷೆಯೂ ಹೇಳಲಾರದು, ಸೆನೆಟ್ಟೂ ಹೇಳಲಾರದು.

ಇಪ್ಪತ್ತು ವರ್ಷ ಒಂದು ಪಕ್ಷದ ಪರವಾಗಿ ಕಾದಾಡಿದ ವಕೀಲೆ ಯಾವ ಪಕ್ಷಕ್ಕೂ ಸೇರದವರಾಗಬಲ್ಲರೆ? ಇದನ್ನು ಮಾಟ್ಲಿಯವರ ಮುಖಕ್ಕೇ ಕೇಳಿದ ಸಂದರ್ಭ 1975ರಲ್ಲಿ ಒದಗಿತು. ಸಲಿವನ್ ಅಂಡ್ ಕ್ರಾಮ್‌ವೆಲ್ ಎಂಬ ದೊಡ್ಡ ವಕೀಲಿ ಸಂಸ್ಥೆ ಹೆಂಗಸರಿಗೆ ಕೆಲಸ ಕೊಡುವುದರಲ್ಲಿ ಭೇದ ಮಾಡುತ್ತದೆಂಬ ದಾವೆ ಅವರ ಮುಂದೆ ಬಂದಿತ್ತು. ನ್ಯಾಯಾಧೀಶರು ಸ್ವತಃ ಹೆಂಗಸು, ಹಿಂದೆ ಇಂಥ ದಾವೆಗಳನ್ನೇ ನಡೆಸಿದವರು. ಆದ್ದರಿಂದ ಈ ಮೊಕದ್ದಮೆಯಿಂದ ಹಿಂದೆ ಸರಿಯಬೇಕು ಎಂದು ಪ್ರತಿವಾದಿಗಳು ಬೇಡಿದರು. ಅವರು ಸರಿಯಲಿಲ್ಲ. ಹೆಣ್ಣೋ ಗಂಡೋ ಆಗಿರುವುದು, ಯಾವುದೋ ಬಣ್ಣದವರಾಗಿರುವುದು, ಹಿಂದೆ ವಕೀಲರಾಗಿದ್ದುದು ಇವೇ ದೋಷವಾದರೆ ಈ ನ್ಯಾಯಾಲಯದಲ್ಲಿ ಆ ಮೊಕದ್ದಮೆ ಕೇಳಬಲ್ಲವರು ಒಬ್ಬರೂ ಉಳಿಯುವುದಿಲ್ಲವೆಂಬುದು ಅವರ ಉತ್ತರದ ಸಾರ. ನಾನು ಓದಿದುದರಲ್ಲೆಲ್ಲ ಹೆಚ್ಚು ಮೆಚ್ಚಿದ್ದು ಇದನ್ನೇ. ಗಂಡಸು ನ್ಯಾಯಾಧೀಶನಾದಾಗ ಅವನ ಗಂಡಸುತನವನ್ನು ಯಾರೂ ಪೂರ್ವಗ್ರಹವೆಂದು ಎಣಿಸುವುದಿಲ್ಲವಲ್ಲ!

ಅವರ ತೀರ್ಪುಗಳೆಲ್ಲ ನಿಂತವೆಂದಲ್ಲ. 372 ದಿನ ಏಕಾಂತ ಸೆರೆಯಲ್ಲಿದ್ದ ಮಾರ್ಟಿನ್ ಸಾಸ್ಟ್ರೆ ಎಂಬ ಕೈದಿಗೆ 1970ರಲ್ಲಿ 13,020 ಡಾಲರ್ ಪರಿಹಾರ ವಿಧಿಸಿದರು. ಮರುವರ್ಷ ಅಪೀಲು ನ್ಯಾಯಾಲಯ ಆ ತೀರ್ಪಿನಲ್ಲಿ ಕೆಲವನ್ನು ಉಳಿಸಿ ಕೆಲವನ್ನು ತಳ್ಳಿಹಾಕಿತು. ಬೇಸ್‌ಬಾಲ್ ಆಟಗಾರರ ಕೊಠಡಿಗೆ ಗಂಡಸು ವರದಿಗಾರರನ್ನು ಬಿಟ್ಟು ಹೆಂಗಸು ವರದಿಗಾರರನ್ನು ಮಾತ್ರ ತಡೆಯುವುದು ಸಲ್ಲದೆಂದು 1978ರಲ್ಲಿ ಕೊಟ್ಟ ತೀರ್ಪು ನಿಂತಿತು.

1982ರಿಂದ 1986ರವರೆಗೆ ಆ ಜಿಲ್ಲೆಯ ಮುಖ್ಯ ನ್ಯಾಯಾಧೀಶರಾಗಿದ್ದರು. ಅಲ್ಲಿ ಅರವತ್ತೈದು ವರ್ಷ ದಾಟಿ ಸಾಕಷ್ಟು ಸೇವೆಯಾದವರು ಹಿರಿಯ ನ್ಯಾಯಾಧೀಶರೆಂದು ಕರೆಸಿಕೊಂಡು, ಪೂರ್ಣ ಸಂಬಳದಲ್ಲಿ ಕಡಿಮೆ ಮೊಕದ್ದಮೆಗಳನ್ನು ನೋಡಬಹುದು. ಅವರ ಖಾಲಿ ಸ್ಥಾನಕ್ಕೆ ಬೇರೊಬ್ಬರು ಬರುತ್ತಾರೆ. ಮಾಟ್ಲಿ 1986ರಲ್ಲಿ ಹಾಗೆ ಮಾಡಿದರು. 2005ರ ಸೆಪ್ಟೆಂಬರಿನಲ್ಲಿ ಎಂಬತ್ತನಾಲ್ಕನೆಯ ವಯಸ್ಸಿನಲ್ಲಿ ತೀರಿಕೊಳ್ಳುವವರೆಗೂ ಅವರು ಅದೇ ನ್ಯಾಯಾಲಯದ ನ್ಯಾಯಾಧೀಶರಾಗಿಯೇ ಇದ್ದರು.