ಮಗುವಿನ ವಯಸ್ಸಿಗೆ ಉತಾರ ಯಾವುದು?



ಹೊಲದ ಬಾಂದಿನ ತಕರಾರು ಬಂದಾಗ "ಅಜ್ಜನ ಕಾಲದಿಂದ ಇಲ್ಲಿಯವರೆಗೆ ನಮ್ಮದೇ" ಎಂದರೆ ಸಾಲದು. ಉತಾರ ತೋರಿಸಬೇಕು, ಮೋಜಣಿ ಆಗಬೇಕು. ಇದು ನಿಮಗೆಲ್ಲ ಗೊತ್ತಿದ್ದ ಮಾತು. ಆದರೆ ಮನೆಯ ಮಗಳ ವಯಸ್ಸಿನ ಬಗ್ಗೆ ಕೋರ್ಟಿನಲ್ಲಿ ತಕರಾರು ಎದ್ದರೆ ತೋರಿಸಲು ನಿಮ್ಮಲ್ಲಿ ಏನಿದೆ? ವಿಷಯವು ಆಡಲು ಸಂಕೋಚದ್ದು. ಆದರೂ ಅರಿಯದೆ ಇದ್ದರೆ ಹಾನಿ ನಮ್ಮ ಮಕ್ಕಳಿಗೇ. ಆದುದರಿಂದ ಈ ಸಲದ ಪಾಠದಲ್ಲಿ ಅದನ್ನು ವಿಚಾರಿಸೋಣ.

ವಯಸ್ಸು ಏಕೆ ಮುಖ್ಯ?

ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ ಪೋಕ್ಸೋ ಕಾಯಿದೆಯು 2012ರ ನವೆಂಬರ್ 14ರಿಂದ ಜಾರಿಯಲ್ಲಿದೆ. ಅದರ ಪ್ರಕಾರ 18 ವರ್ಷ ತುಂಬದ ಹುಡುಗ, ಹುಡುಗಿ ಇಬ್ಬರೂ ಮಕ್ಕಳೇ. ಮಗುವಿನ ವಿಷಯದಲ್ಲಿ "ಅವಳೇ ಒಪ್ಪಿದ್ದಳು" ಎಂಬ ಮಾತು ನಡೆಯದು. 18 ದಾಟಿದವಳಾದರೆ ಒಪ್ಪಿಗೆ ಇತ್ತೋ ಇಲ್ಲವೋ ಎಂಬುದೇ ದೊಡ್ಡ ಪ್ರಶ್ನೆಯಾಗುತ್ತದೆ. ಏಳೆಂಟು ವರ್ಷದ ಕೂಸಿನ ಬಗ್ಗೆ ಯಾರಿಗೂ ಸಂಶಯ ಬಾರದು. ತೊಡಕು ಬರುವುದು ಹುಡುಗಿ 16-18ರ ಆಸುಪಾಸಿನಲ್ಲಿ ಇದ್ದಾಗ. ಅಲ್ಲಿ ಆರು ತಿಂಗಳ ಅಂತರವೂ ಮೊಕದ್ದಮೆಯನ್ನು ತಿರುಗಿಸಬಲ್ಲದು.

ಸಂಶಯದ ಲಾಭ ಎಂದರೇನು?

ತಪ್ಪು ನಡೆದಿದೆ ಎಂದು ಸಿದ್ಧಮಾಡುವ ಭಾರ ಸರಕಾರದ ಪಕ್ಷದ್ದು. ಎಲ್ಲ ಸಾಕ್ಷ್ಯ ನೋಡಿದ ಮೇಲೂ ತಕ್ಕ ಕಾರಣವುಳ್ಳ ಸಂಶಯ ಉಳಿದರೆ ಅದರ ಲಾಭ ಆರೋಪಿಗೆ ಸಲ್ಲುತ್ತದೆ. ಇದು ಅಪರಾಧಿಗೆ ತೋರಿಸುವ ದಯೆಯಲ್ಲ. ನಿರಪರಾಧಿಗೆ ಶಿಕ್ಷೆಯಾಗದಿರಲೆಂದು ಇಟ್ಟ ಕಟ್ಟಳೆ. ನಾಳೆ ನಿಮ್ಮ ಮಗನ ಮೇಲೆ ಸುಳ್ಳು ಆರೋಪ ಬಂದರೆ ಅವನನ್ನು ಕಾಯುವುದೂ ಇದೇ. ವಯಸ್ಸನ್ನೂ ಇದೇ ರೀತಿ ಸಿದ್ಧಮಾಡಬೇಕು.

ನಮ್ಮ ಬೆಳಗಾವಿ ಜಿಲ್ಲೆಯ ಇಂಥ ಖಟ್ಲೆಗಳ ಅಪೀಲು ಹೈಕೋರ್ಟಿನ ಧಾರವಾಡ ಪೀಠಕ್ಕೆ ಹೋಗುತ್ತದೆ. ಅಲ್ಲಿ ಸಾಕ್ಷ್ಯವನ್ನು ಮತ್ತೆ ಮೊದಲಿನಿಂದ ತೂಗುತ್ತಾರೆ. ಕೆಳಗಿನ ಕೋರ್ಟಿನಲ್ಲಿ ಸಡಿಲ ಬಿಟ್ಟ ಗಂಟು ಅಲ್ಲಿ ಬಿಚ್ಚಿಕೊಳ್ಳುತ್ತದೆ.

ಯಾವ ದಾಖಲೆ ಮೊದಲು?

2015ರ ಬಾಲನ್ಯಾಯ ಕಾಯಿದೆಯ 94ನೆಯ ಕಲಮು ಕ್ರಮವನ್ನು ಹೇಳಿದೆ. ಈ ಕ್ರಮವು ಆರೋಪಿಗೆ ಮಾತ್ರವಲ್ಲ, ಅನ್ಯಾಯಕ್ಕೊಳಗಾದ ಮಗುವಿಗೂ ಅನ್ವಯಿಸಬೇಕೆಂಬ ಮಾತನ್ನು ಸುಪ್ರೀಂ ಕೋರ್ಟು 2013ರಲ್ಲಿ, ಹಿಂದಿನ ನಿಯಮಗಳ ಕಾಲದಲ್ಲಿಯೇ, ಹೇಳಿತ್ತು.

1. ಶಾಲೆ ಕೊಟ್ಟ ಜನ್ಮದಿನಾಂಕದ ಪ್ರಮಾಣಪತ್ರ, ಇಲ್ಲವೆ ಎಸ್.ಎಸ್.ಎಲ್.ಸಿ.ಯಂಥ ಪರೀಕ್ಷಾ ಮಂಡಳಿಯ ಪ್ರಮಾಣಪತ್ರ.
2. ಅವು ಇಲ್ಲದಿದ್ದರೆ ಪಂಚಾಯತಿ, ಪುರಸಭೆ ಅಥವಾ ಮಹಾನಗರಪಾಲಿಕೆಯ ಜನನ ಪ್ರಮಾಣಪತ್ರ.
3. ಎರಡೂ ಇಲ್ಲದಿದ್ದರೆ ಮಾತ್ರ ಎಲುಬಿನ ಪರೀಕ್ಷೆ.

ಎಲುಬಿನ ಪರೀಕ್ಷೆಯಲ್ಲಿ ಕ್ಷಕಿರಣದ ಚಿತ್ರ ತೆಗೆದು ಎಲುಬು ಎಷ್ಟು ಕೂಡಿಕೊಂಡಿದೆ ಎಂದು ನೋಡುತ್ತಾರೆ. ಅದು ಅಂದಾಜು ಮಾತ್ರ. ಎರಡು ವರ್ಷ ಹೆಚ್ಚುಕಡಿಮೆ ಆಗಬಹುದೆಂದು ಸುಪ್ರೀಂ ಕೋರ್ಟು 1982ರಲ್ಲಿಯೇ ಹೇಳಿದೆ. ಡಾಕ್ಟರರು 17 ಎಂದರೆ 15 ಇರಬಹುದು, 19ೂ ಇರಬಹುದು. ಸಂಶಯ ಹುಟ್ಟುವುದು ಇಲ್ಲಿಯೇ.

ತಮಿಳುನಾಡಿನ ಒಂದು ಖಟ್ಲೆಯ ತೀರ್ಪು 2023ರ ಜುಲೈನಲ್ಲಿ ಬಂತು. ಹುಡುಗಿಯ ವಯಸ್ಸಿಗೆ ಶಾಲೆಯ ವರ್ಗಾವಣೆ ಪತ್ರವನ್ನು ಹಾಜರುಪಡಿಸಿದ್ದರು. ಅದು 94ನೆಯ ಕಲಮು ಕೇಳುವ ದಾಖಲೆಯಲ್ಲವೆಂದು ಸುಪ್ರೀಂ ಕೋರ್ಟು ಹೇಳಿತು. ಜನನದ ನೋಂದಣಿ ಸಿಗಲಿಲ್ಲ. ಡಾಕ್ಟರರ ಅಂದಾಜು 18 ದಾಟಿತ್ತು. ತಾನು ಮನಸ್ಸಿನಿಂದಲೇ ಹೋದೆನೆಂದು ಹುಡುಗಿಯೂ ಹೇಳಿದ್ದಳು. ಆರೋಪಿಯ ಶಿಕ್ಷೆ ರದ್ದಾಯಿತು. ಒಂದು ಮಾತು ನೆನಪಿಡಿರಿ: ಬಲಾತ್ಕಾರ ನಡೆದದ್ದು ಸಿದ್ಧವಾದರೆ, ವಯಸ್ಸು ಸಿದ್ಧವಾಗದಿದ್ದರೂ ಅದು ಅಪರಾಧವೇ.

ಶಾಲೆಯ ರಜಿಸ್ಟರಿನ ಬಗ್ಗೆಯೂ ಎಚ್ಚರ ಬೇಕು. ತಾರೀಖನ್ನು ಯಾರು, ಯಾವ ಆಧಾರದಿಂದ ಬರೆಸಿದರು ಎಂಬುದಕ್ಕೆ ಸಾಕ್ಷ್ಯ ಇಲ್ಲದಿದ್ದರೆ ಆ ನಮೂದಿಗೆ ಬೆಲೆ ಕಡಿಮೆಯೆಂದು 1988ರ ಒಂದು ತೀರ್ಪು ಹೇಳುತ್ತದೆ. ನಮ್ಮಲ್ಲಿ ಎಷ್ಟೋ ಜನರ ಜನ್ಮತಾರೀಖು ಜೂನ್ 1 ಎಂದಿರುವುದನ್ನು ನೀವೇ ಬಲ್ಲಿರಿ. ತಾಯಿಯು "ಕೃಷ್ಣೆಗೆ 2005ರಲ್ಲಿ ಮಹಾಪೂರ ಬಂದ ಮೇಲೆ ಮೂರನೆಯದೋ ನಾಲ್ಕನೆಯದೋ ಕಾರಹುಣ್ಣಿಮೆಗೆ ಹುಟ್ಟಿದಳು" ಎಂದಳೆನ್ನಿ. ಅವಳ ಮಾತು ಸತ್ಯವೇ. ಆದರೆ ಮೂರೋ ನಾಲ್ಕೋ ಎಂಬ ಆ ಒಂದು ವರ್ಷದಲ್ಲಿಯೇ ಖಟ್ಲೆ ಸೋಲುತ್ತದೆ.

18ರ ಮಿತಿಯ ಬಗ್ಗೆ ಚರ್ಚೆ ನಡೆಯದೆ ಇಲ್ಲ. 16 ದಾಟಿದವರ ಪ್ರೇಮಪ್ರಕರಣಗಳನ್ನು ಕಂಡು, ಕಾನೂನು ಆಯೋಗವು ಇದನ್ನು ಮರುವಿಚಾರಿಸಬೇಕೆಂದು ಧಾರವಾಡ ಪೀಠವು 2022ರ ನವೆಂಬರಿನಲ್ಲಿ ಹೇಳಿತು. ಮಿತಿಯನ್ನು ಇಳಿಸಬಾರದೆಂದು ಆಯೋಗವು 2023ರಲ್ಲಿ ವರದಿ ಕೊಟ್ಟಿತು.

ನೀವು ಮಾಡಬೇಕಾದುದು

• ಮಗು ಹುಟ್ಟಿದ 21 ದಿನಗಳೊಳಗೆ ನೋಂದಣಿ ಮಾಡಿಸಿರಿ. ವರ್ಷ ಮೀರಿದರೆ ಮ್ಯಾಜಿಸ್ಟ್ರೇಟರ ಆದೇಶ ಬೇಕಾಗುತ್ತದೆ.
• ನೋಂದಣಿ ಆಗುವುದು ಹುಟ್ಟಿದ ಊರಿನಲ್ಲಿ. ಶೇಡಬಾಳದ ಸೊಸೆ ಮಿರಜಿನ ದವಾಖಾನೆಯಲ್ಲಿ ಹಡೆದರೆ ದಾಖಲೆ ಮಿರಜಿನಲ್ಲಿ. ತವರುಮನೆಯಲ್ಲಿ ಹಡೆದರೆ ಆ ಊರಿನಲ್ಲಿ. ಬಾಣಂತಿಯನ್ನು ಕರೆತರುವಾಗಲೇ ಪ್ರಮಾಣಪತ್ರದ ವ್ಯವಸ್ಥೆ ಮಾಡಿರಿ.
• ಹೆಸರಿಡುವ ಮೊದಲೇ ನೋಂದಾಯಿಸಿದ್ದರೆ ಮುಂದೆ ಹೆಸರನ್ನು ಸೇರಿಸಿರಿ.
• ಶಾಲೆಗೆ ಹಾಕುವಾಗ ಜನನ ಪ್ರಮಾಣಪತ್ರ ನೋಡಿಯೇ ತಾರೀಖು ಬರೆಸಿರಿ. 2023ರ ಅಕ್ಟೋಬರ್ 1ರ ನಂತರ ಹುಟ್ಟಿದವರಿಗೆ ಶಾಲಾ ಪ್ರವೇಶಕ್ಕೆ ಈ ಪತ್ರವೇ ಬೇಕು.
• ಆಧಾರ ಕಾರ್ಡನ್ನು ನಂಬಿ ಕೂಡ್ರಬೇಡಿರಿ. ಅದರಲ್ಲಿಯ ತಾರೀಖು ವಯಸ್ಸಿನ ಪುರಾವೆಯಲ್ಲವೆಂದು ಸುಪ್ರೀಂ ಕೋರ್ಟು 2024ರಲ್ಲಿ ಹೇಳಿದೆ.

ಚರ್ಚೆಗೆ ಪ್ರಶ್ನೆಗಳು

1. ನಿಮ್ಮ ಮನೆಯ ಎಲ್ಲ ಮಕ್ಕಳ ಜನನ ಪ್ರಮಾಣಪತ್ರ ಇದೆಯೇ?
2. ಅದರಲ್ಲಿಯ ತಾರೀಖೂ ಶಾಲೆಯ ತಾರೀಖೂ ಒಂದೇ ಇದೆಯೇ?
3. ಸಂಶಯದ ಲಾಭ ಆರೋಪಿಗೆ ಏಕೆ ಸಲ್ಲಬೇಕು?

ಉತಾರವನ್ನು ಪೆಟ್ಟಿಗೆಯಲ್ಲಿ ಜೋಪಾನ ಮಾಡುವ ನೀವು ಈ ಕಾಗದವನ್ನೂ ಅದರ ಜೊತೆಗೇ ಇಡಿರಿ. ಅದು ಎಂದೂ ಕೋರ್ಟು ಕಾಣದಿರಲಿ. ಕಾಣಬೇಕಾಗಿ ಬಂದರೆ ಮಗುವಿನ ಮಾತಿಗೆ ಬಲವಾಗಿ ನಿಲ್ಲಲಿ.