ಕಲ್ಲಾದ ತತ್ತಿಗಳ ನಾಮವಿಚಾರ

ಬೀದರ ಕೋಟೆಯ ಕೆಂಪು ಜಂಬಿಟ್ಟಿಗೆಯೂ ಭಾಲ್ಕಿ, ಔರಾದ ಸೀಮೆಯ ಎರೆಮಣ್ಣೂ ಒಂದೇ ತಾಯಿಯ ಮಕ್ಕಳು. ಸುಮಾರು 6.6 ಕೋಟಿ ವರ್ಷಗಳ ಹಿಂದೆ ದಖ್ಖಣದ ಮೇಲೆ ಹರಿದು ಹೆಪ್ಪುಗಟ್ಟಿದ ಲಾವಾರಸದ ಕರಿಗಲ್ಲೇ ಆ ತಾಯಿ. ಡೈನೊಸಾರ್‌ಗಳೆಂಬ ಮಹಾಸರೀಸೃಪಗಳ ಅಂತ್ಯಕಾಲವೂ ಅದೇ. ಆದುದರಿಂದ ಹೊಲದಲ್ಲಿ ದುಂಡುಕಲ್ಲನ್ನು ಕಂಡ ವಿದ್ಯಾರ್ಥಿಯು, ‘ಇದು ಡೈನೊಸಾರಿನ ತತ್ತಿಯೇ?’ ಎಂದು ಕೇಳಿದರೆ ಆಶ್ಚರ್ಯವಿಲ್ಲ.

ಆದರೆ ದುಂಡಾದುದೆಲ್ಲ ತತ್ತಿಯಲ್ಲ. ಕರಿಗಲ್ಲು ಬಿಸಿಲು ಮಳೆಗಳಿಗೆ ಸವೆಯುವಾಗ ಉಳ್ಳಾಗಡ್ಡಿಯಂತೆ ಪದರು ಪದರಾಗಿ ಕಳಚಿ ದುಂಡಗಾಗುತ್ತದೆ. ತತ್ತಿಯೆನ್ನಲು ಚಿಪ್ಪು ಬೇಕು. ಚಿಪ್ಪಿನಲ್ಲಿ ಉಸಿರಾಟದ ಸೂಕ್ಷ್ಮರಂಧ್ರಗಳು ಬೇಕು. ನಮ್ಮ ದೇಶದಲ್ಲಿ ಇಂಥ ತತ್ತಿಗಳು ಹೇರಳವಾಗಿ ದೊರೆತಿರುವುದು ಲಾವಾಶಿಲೆಯ ಅಡಿಯಲ್ಲಿರುವ ‘ಲಮೇಟಾ’ ಸ್ತರಗಳಲ್ಲಿ. ಗುಜರಾತಿನ ಬಾಲಾಸಿನೋರ, ಮಧ್ಯಪ್ರದೇಶದ ಜಬಲ್ಪುರ ಮತ್ತು ಧಾರ ಪ್ರದೇಶಗಳಲ್ಲಿ. ಧಾರ ಜಿಲ್ಲೆಯೊಂದರಲ್ಲೇ 92 ಗೂಡುಗಳು, 256 ತತ್ತಿಗಳು ದೊರೆತುವೆಂದು 2023ರಲ್ಲಿ ಪ್ರಕಟವಾಯಿತು. ಅವುಗಳಲ್ಲಿ ಆರು ಬಗೆಗಳನ್ನು ಗುರುತಿಸಲಾಗಿದೆ.

ಈ ಬಗೆಗಳನ್ನು ಗುರುತಿಸುವುದು ಹೇಗೆ? ಒಳಗಿನ ಮರಿಯ ಎಲುಬು ದೊರೆತ ಹೊರತು ತಾಯಿಯಾರೆಂದು ನಿಶ್ಚಯಿಸುವುದು ಕಷ್ಟ. ಆದಕಾರಣ ತತ್ತಿಗಳಿಗೇ ಬೇರೆ ವಂಶ, ಕುಲ, ಜಾತಿಗಳನ್ನು ಕಲ್ಪಿಸುವ ಪದ್ಧತಿಯನ್ನು ಚೀನದ ಝಾವೊ ಝೀಕುಯಿ 1975ರಲ್ಲಿ ರೂಪಿಸಿದರು. ತತ್ತಿಯ ಆಕಾರ, ಗಾತ್ರ, ಚಿಪ್ಪಿನ ದಪ್ಪ, ಮೇಲ್ಮೈಯ ಗುಳ್ಳೆಗೆರೆಗಳು, ರಂಧ್ರಗಳ ವಿನ್ಯಾಸ, ಸೂಕ್ಷ್ಮದರ್ಶಕದಲ್ಲಿ ಕಾಣುವ ಚಿಪ್ಪಿನ ಒಳರಚನೆ ಇವೇ ಲಕ್ಷಣಗಳು. ಗ್ರೀಕ್ ಭಾಷೆಯ ‘ತತ್ತಿ’, ‘ಕಲ್ಲು’ ಎಂಬ ಪದಗಳು ಸೇರಿ ‘ಊಲಿಥಸ್’ ಎಂಬ ಉತ್ತರಪದವಾಗಿದೆ. ನಮ್ಮಲ್ಲಿ ಹೆಚ್ಚಾಗಿ ದೊರೆಯುವ ದುಂಡುತತ್ತಿಯ ಹೆಸರು ‘ಮೆಗಲೂಲಿಥಸ್’, ಎಂದರೆ ಹಿರಿಯ ಕಲ್ತತ್ತಿ. ಇದು ನೀಳಕೊರಳಿನ ಸಸ್ಯಾಹಾರಿಗಳದೆಂದು ವಿದ್ವಾಂಸರ ಅಭಿಪ್ರಾಯ.

ಕರ್ತೃವಿನ ಹೆಸರು ತಿಳಿಯದ ವಚನಗಳನ್ನು ಅಂಕಿತದ ಮೇಲಿಂದ ವಿಂಗಡಿಸುವ ಪದ್ಧತಿ ನಮ್ಮಲ್ಲುಂಟಷ್ಟೆ? ಇದೂ ಹಾಗೆಯೇ. ಅಂಕಿತವು ಕಣ್ಣೆದುರಿನ ಸಾಕ್ಷ್ಯ, ಕರ್ತೃವು ಊಹೆ. ಇವೆರಡನ್ನು ಬೆರಸಬಾರದು.

ಬೆರಸಿದರೆ ಆಗುವ ಅನ್ಯಾಯಕ್ಕೆ ಒಂದು ನಿದರ್ಶನವುಂಟು. 1923ರಲ್ಲಿ ಮಂಗೋಲಿಯದ ಗೋಬಿ ಮರುಭೂಮಿಯಲ್ಲಿ ತತ್ತಿಗಳ ಗೂಡೊಂದರ ಮೇಲೆ ಒಂದು ಡೈನೊಸಾರಿನ ಅಸ್ಥಿ ದೊರೆಯಿತು. ತತ್ತಿಗಳು ಬೇರೊಂದು ಪ್ರಾಣಿಯವೆಂದು ಊಹಿಸಿ, ಇದಕ್ಕೆ 1924ರಲ್ಲಿ ‘ಓವಿರ್ಯಾಪ್ಟರ್’, ಅರ್ಥಾತ್ ತತ್ತಿಗಳ್ಳ, ಎಂದು ಹೆಸರಿಟ್ಟರು. ಸುಮಾರು ಎಪ್ಪತ್ತು ವರ್ಷಗಳ ತರುವಾಯ ಅದೇ ಬಗೆಯ ತತ್ತಿಯೊಳಗೆ ಮರಿಯ ಎಲುಬು ದೊರೆಯಿತು. ಅದು ಆ ‘ಕಳ್ಳ’ನ ವಂಶದ್ದೇ! ಗೂಡನ್ನು ಕಾಯ್ದ ಜೀವಿಗೆ ಕಳ್ಳನೆಂಬ ಹೆಸರು. ಅನ್ವರ್ಥವೆಂದು ಇಟ್ಟುದು ಅಪವಾದವಾಯಿತು. ನಾಮಕರಣದ ನಿಯಮದಂತೆ ಇಂದಿಗೂ ಉಳಿದಿದೆ.

ವಿದ್ಯಾರ್ಥಿಯು ದುಂಡುಕಲ್ಲನ್ನು ತಂದಾಗ ಅಧ್ಯಾಪಕರು ನಗಬಾರದು; ಅವಸರದಿಂದ ಹೆಸರಿಡಲೂ ಬಾರದು. ‘ಚಿಪ್ಪು ಇದೆಯೇ, ನೋಡೋಣ’ ಎಂದರೆ ಸಾಕು. ಶಾಸ್ತ್ರಾಭ್ಯಾಸವು ಅಲ್ಲಿಂದಲೇ ಮೊದಲಾಗುತ್ತದೆ.